ನೀಲತ್ತೆಯ ಮಾತು, ಅಪ್ಪನ ಪಿಚ್ಚರ್

ನಮ್ಮ ಮನೆಯಲ್ಲಿ ಯಾವುದೂ ಮುಗಿಯುತ್ತಿರಲಿಲ್ಲ. ಡಬ್ಬಿಯ ತಳ ಕಾಣಿಸಿದರೂ ಸಕ್ಕರೆ ತೀರಿತು ಅನ್ನುವ ಹಾಗಿರಲಿಲ್ಲ, 'ಸಕ್ಕರಿ ಹೆಚ್ಚಾಗೇತಿ' ಅನ್ನಬೇಕು. ಕೈಬಳೆ ಒಡೆದರೆ 'ಬಳಿ ಹೆಚ್ಚಾದವು'. ದೀಪವನ್ನಂತೂ ಯಾರೂ ಆರಿಸುತ್ತಿರಲಿಲ್ಲ. 'ದೀಪ ದೊಡ್ಡದು ಮಾಡು' ಅಂದರೆ ಸಾಕು, ಅವ್ವ ಬತ್ತಿಯನ್ನು ಎಣ್ಣೆಯೊಳಗೆ ಎಳೆದುಬಿಡುತ್ತಿದ್ದಳು, ಕತ್ತಲಾಗುತ್ತಿತ್ತು. ಇದು ಊರಿನ ಎಲ್ಲ ಮನೆಗಳ ರೂಢಿಯೇ. ಆದರೆ ನಮ್ಮಲ್ಲಿ ಅದಕ್ಕೆ ಕಾನೂನಿನ ಬಲವಿತ್ತು, ಆ ಕಾನೂನನ್ನು ಕಾಯುತ್ತಿದ್ದವಳು ಅಪ್ಪನ ಅಕ್ಕ, ನಮ್ಮ ನೀಲತ್ತೆ. ದೊಡ್ಡಪ್ಪನ ಹೆಂಡತಿ ದೊಡ್ಡವ್ವ ತೀರಿಕೊಂಡ ಮೇಲೆ ಮನೆಯ ಕೀಲಿಕೈ ಗೊಂಚಲು ಅವಳ ಸೊಂಟಕ್ಕೆ ಬಂದಿತ್ತು. ಒಮ್ಮೆ ನಾನು ಸಾಲೆಯಿಂದ ಬಂದವಳೇ ಡಬ್ಬಿ ತೆರೆದು ನೋಡಿ, 'ಅತ್ತೀ, ಚುರಮುರಿ ಎಲ್ಲಾ ಖಾಲಿ' ಅಂದುಬಿಟ್ಟೆ. ರೊಟ್ಟಿ ಬಡಿಯುತ್ತಿದ್ದ ಅವಳ ಕೈ ನಿಂತಿತು.

"ಏನಂದಿ?"

"ಚುರಮುರಿ... ಹೆಚ್ಚಾಗ್ಯಾವ."

"ಹಾಂ. ಬಾ, ಬಿಸಿ ರೊಟ್ಟಿಗೆ ಬೆಣ್ಣಿ ಹಚ್ಚಿಕೊಡ್ತೇನಿ. ಖಾಲಿ ಅಂತ ಅಂದಾಕಿಗೆ ಅದೂ ಸಿಗತಿದ್ದಿಲ್ಲ ನೋಡು."

ಅಪ್ಪನ ಬಗ್ಗೆ ಕೇಳಿಕೊಂಡು ಈಗಲೂ ಯಾರಾದರೂ ಬರುತ್ತಾರೆ. ಎಷ್ಟು ಪಿಚ್ಚರಿಗೆ ಸಂಭಾಷಣೆ ಬರೆದರು, ಯಾರ ಹತ್ತಿರ ಕಲಿತರು, ಮದ್ರಾಸಿನಲ್ಲಿ ಎಷ್ಟು ವರ್ಷ ಇದ್ದರು. ಅಪ್ಪ ಮದ್ರಾಸಿನಲ್ಲಿ ಇದ್ದದ್ದೇ ಕಡಿಮೆ, ಬರೆದದ್ದೆಲ್ಲ ಹಳೇ ಹುಬ್ಬಳ್ಳಿಯ ನಮ್ಮ ಓಣಿಯ ಮನೆಯಲ್ಲಿ, ಕಲಿತದ್ದು ಅಡುಗೆಮನೆಯಲ್ಲಿ ಎಂದರೆ ನಕ್ಕು ಹೋಗುತ್ತಾರೆ. ನಗಲಿ. ನಮ್ಮ ಮನೆ ಉದ್ದಕ್ಕೆ ಒಂದೇ ಸಾಲಿನಲ್ಲಿತ್ತು: ಮುಂದೆ ಪಡಸಾಲೆ, ಆಮೇಲೆ ನಡುಮನೆ, ಅದಕ್ಕೆ ಹತ್ತಿಕೊಂಡು ಅಡುಗೆಮನೆ, ಹಿಂದೆ ಹಿತ್ತಲು. ಅಪ್ಪ ನಡುಮನೆಯ ಕಂಬಕ್ಕೆ ಬೆನ್ನು ಕೊಟ್ಟು, ಇಳಿಜಾರಿನ ಸಣ್ಣ ಮೇಜನ್ನು ತೊಡೆಯ ಮೇಲೆ ಎಳೆದುಕೊಂಡು ಕೂಡುತ್ತಿದ್ದ. ಬೆನ್ನ ಹಿಂದೆಯೇ ಅಡುಗೆಮನೆಯ ಕಿಂಡಿ. ಅಲ್ಲಿ ಬೆಳಕು ಚೆನ್ನಾಗಿದೆ ಎಂದು ಕೂಡುತ್ತಾನೆಂದು ನಾನು ತಿಳಿದಿದ್ದೆ. ಬೆಳಕು ಪಡಸಾಲೆಯಲ್ಲೇ ಹೆಚ್ಚಿತ್ತು. ಅವನಿಗೆ ಬೇಕಾದದ್ದು ಕಿಂಡಿ. ಒಳಗೆ ಅವ್ವ ಮತ್ತು ನೀಲತ್ತೆ ಶೇಂಗಾ ಒಡೆಯುತ್ತ, ಮೆಣಸಿನಕಾಯಿ ತುಂಬು ಮುರಿಯುತ್ತ ಮಾತಾಡುತ್ತಿದ್ದರೆ ಹೊರಗೆ ಅಪ್ಪನ ಪೆನ್ನು ಓಡುತ್ತಿತ್ತು. ಅವರು ಸುಮ್ಮನಾದರೆ ಪೆನ್ನೂ ಸುಮ್ಮನಾಗುತ್ತಿತ್ತು. ಬರೆದದ್ದನ್ನು ಅಪ್ಪ ಕಣ್ಣಿನಿಂದ ತಿದ್ದುತ್ತಿರಲಿಲ್ಲ. ನನ್ನನ್ನು ಕರೆದು ಎದುರು ನಿಲ್ಲಿಸಿ, 'ಅನ್ನು ನೋಡೂಣು ಪಾರೂ' ಎನ್ನುತ್ತಿದ್ದ. ನಾನು ಅಂದದ್ದನ್ನು ಕಣ್ಣು ಮುಚ್ಚಿ ಕೇಳಿ, ತಲೆ ಅಲ್ಲಾಡಿಸಿದರೆ ಆ ಸಾಲು ಹೋಯಿತು ಎಂದೇ ಅರ್ಥ. ನನ್ನ ನಾಲಿಗೆ ತಿರುಗಿದ್ದು ಹೀಗೆ, ಹೆಂಗಸರ ಮಾತು ಅಪ್ಪನ ಕೈಗೆ ಹೋಗಿ, ಅಪ್ಪನ ಕೈಯಿಂದ ನನ್ನ ಬಾಯಿಗೆ ಬಂದು.

ಅಪ್ಪ ಮೊದಲು ಒಂದು ನಾಟಕ ಕಂಪನಿಗೆ ಬರೆಯುತ್ತಿದ್ದ. ಆ ಕಂಪನಿ ಮುಚ್ಚಿತು. (ನೀಲತ್ತೆ ಇದ್ದಿದ್ದರೆ 'ಕಂಪನಿ ಹೆಚ್ಚಾತು' ಅನ್ನು ಎನ್ನುತ್ತಿದ್ದಳು.) ಆಮೇಲೆ ಮದ್ರಾಸಿನ ಎರಡು ಪಿಚ್ಚರುಗಳಿಗೆ ಬರೆದ. ಎರಡರಲ್ಲೂ ಪರದೆಯ ಮೇಲೆ ಬಂದದ್ದು ಬೇರೆಯವರ ಹೆಸರು. ದೊಡ್ಡಪ್ಪನದು ಹತ್ತಿಯ ಅಡತಿ ಅಂಗಡಿ, ರೈತರು ತಂದ ಹತ್ತಿಯನ್ನು ವ್ಯಾಪಾರಿಗಳಿಗೆ ಮಾರಿಸಿಕೊಡುವ ದಂಧೆ. ಮನೆ ನಡೆಯುತ್ತಿದ್ದದ್ದೇ ಅದರ ಮೇಲೆ. ಅವನು ಕೆಟ್ಟವನಲ್ಲ, ಆದರೆ ಕಾಣದ ಹೆಸರಿಗಾಗಿ ಕೂತು ಬರೆಯುವುದು ಅವನಿಗೆ ಅರ್ಥವಾಗುತ್ತಿರಲಿಲ್ಲ. ಮೂರನೆಯ ಪಿಚ್ಚರ್ ಕೈಗೆ ಬಂದಾಗ ಲಿಂಗಪೂಜೆ ಮುಗಿಸಿ ಎದ್ದವನು, ಹಣೆಯ ವಿಭೂತಿ ಇನ್ನೂ ಹಸಿ ಇರುವಾಗಲೇ ಅಪ್ಪನನ್ನು ಕರೆದು ಹೇಳಿದ.

"ಗುರಣ್ಣಾ, ಇದೊಂದು ನೋಡು. ಇದರಾಗ ನಿನ್ನ ಹೆಸರು ಪರದಾ ಮ್ಯಾಲ ಬಂತೋ, ನಾ ಇನ್ನ ಬಾಯಿ ತಗ್ಯೂದಿಲ್ಲ. ಬರಲಿಲ್ಲೋ, ಮರುದಿನ ಮುಂಜಾನೆ ಅಂಗಡಿಗೆ ಬಂದು ಗಾದಿ ಮ್ಯಾಲ ಕುಂದ್ರು."

"ಆತಣ್ಣಾ," ಅಂದ ಅಪ್ಪ. ಮಾತಿನಿಂದಲೇ ಬದುಕುವವನು ಅಣ್ಣನ ಎದುರಿಗೆ ಮಾತೇ ಇಲ್ಲದವನಾಗುತ್ತಿದ್ದ.

ಆ ಮೂರನೆಯ ಪಿಚ್ಚರಿನ ಕಥೆ ಗಂಡ ಬಿಟ್ಟುಹೋದ ಒಬ್ಬ ಹೆಣ್ಣುಮಗಳದು. ಕಥೆ ಮದ್ರಾಸಿನವರದ್ದು, ಮಾತು ಮಾತ್ರ ಅಪ್ಪನದು ಎಂದು ನಾವೆಲ್ಲ ನಂಬಿದ್ದೆವು. ನಮ್ಮ ಮನೆಯಲ್ಲಿಯೂ ಅಂಥವಳೊಬ್ಬಳಿದ್ದಳು ಎಂಬುದು ಯಾರ ತಲೆಗೂ ಹೊಳೆಯಲಿಲ್ಲ, ಯಾಕೆಂದರೆ ನಮ್ಮ ಮನೆಯಲ್ಲಿ ಆ ವಿಷಯವನ್ನು ಯಾರೂ ಆಡುತ್ತಿರಲಿಲ್ಲ. ನೀಲತ್ತೆಯ ಗಂಡ ಸೊಲ್ಲಾಪುರಕ್ಕೆ ಹೋಗಿ ಬರುತ್ತೇನೆಂದು ಹೋದವರು. ಆಗ ನಾನು ಹುಟ್ಟಿರಲಿಲ್ಲ. ಅಲ್ಲಿ ಯಾವುದೋ ಗಿರಣಿಯಲ್ಲಿ ಕಂಡರು ಎಂದು ಒಬ್ಬರು, ಮುಂಬೈಯಲ್ಲಿ ಕಂಡರು ಎಂದು ಇನ್ನೊಬ್ಬರು ಸುದ್ದಿ ತಂದರು, ಆಮೇಲೆ ಸುದ್ದಿಯೂ ನಿಂತಿತು. ನೀಲತ್ತೆ ಕುಂಕುಮ ಹಚ್ಚುತ್ತಿದ್ದಳು, ಬಳೆ ತೊಡುತ್ತಿದ್ದಳು, ಬಿದ್ದು ಬಿದ್ದು ನಗುತ್ತಿದ್ದಳು. ವಿದ್ಯುತ್ ದೀಪ ಬಂದಿದ್ದರೂ ಸಂಜೆಯಾದರೆ ತಲೆಬಾಗಿಲ ಪಕ್ಕದ ಗೂಡಿನಲ್ಲಿ ಒಂದು ಎಣ್ಣೆದೀಪ ಹಚ್ಚಿಡುತ್ತಿದ್ದಳು. ಒಂದು ಸಲ, ಜೋರು ಗಾಳಿಯ ದಿನ, ಆ ದೀಪ ಹೊಯ್ದಾಡುತ್ತಿರುವಾಗ ಅವಳು ಅವ್ವನಿಗೆ, 'ದೀಪ ದೊಡ್ಡದು ಮಾಡವ್ವ ಶಾರದಾ, ಇನ್ಯಾರು ಬರೂರು ಅದಾರ' ಅಂದಿದ್ದಳಂತೆ. ಅಪ್ಪ ಕಿಂಡಿಯ ಈಚೆ ಇದ್ದ. ಅದನ್ನು ಬರೆದುಕೊಂಡ. ಮರುದಿನ ಸಂಜೆ ಅವಳು ದೀಪವನ್ನು ಎಂದಿನಂತೆ ಹಚ್ಚಿದಳು. ಅದನ್ನು ಅಪ್ಪ ಬರೆದುಕೊಳ್ಳಲಿಲ್ಲ.

ಒಂದು ದಿನ ಮುಂಜಾನೆ ನಮ್ಮ ಓಣಿಯಲ್ಲಿ ಟಾಂಗಾ ನಿಂತು, ಮದ್ರಾಸಿನ ಕಂಪನಿಯ ಮ್ಯಾನೇಜರ್ ನಂಜಪ್ಪನವರು ಇಳಿದರು. ಮೈಸೂರು ಕಡೆಯವರು, ದುಂಡಗಿನ ಮುಖ, ಬಿಳಿ ಪ್ಯಾಂಟು, ಕೈಯಲ್ಲಿ ತೊಗಲಿನ ಚೀಲ. ತಂತಿಯನ್ನೂ ಕಳಿಸದೆ ಮನುಷ್ಯ ತಾನೇ ಬಂದಿದ್ದಾನೆಂದರೆ ಏನೋ ಆಗಿದೆ ಎಂದು ಅಪ್ಪನಿಗೆ ಗೊತ್ತಾಯಿತು. ಅವನ ಕೈ ಪದೇ ಪದೇ ಕಿವಿಗೆ ಹೋಗುತ್ತಿತ್ತು, ಗಾಬರಿಯಾದಾಗ ಅವನು ಹಾಗೆ ಮಾಡುತ್ತಿದ್ದ. ನಂಜಪ್ಪನವರು ಮಾತ್ರ ಸ್ನಾನ ಮುಗಿಸಿ, ಚಹಾ ಕುಡಿದು, ಹುಬ್ಬಳ್ಳಿಯ ಧೂಳನ್ನು ಹೊಗಳಿ, ಮಧ್ಯಾಹ್ನ ಊಟಕ್ಕೆ ಕೂತ ಮೇಲೆಯೇ ಬಾಯಿ ಬಿಟ್ಟರು. ದೊಡ್ಡಪ್ಪನೂ ಅಂಗಡಿಯಿಂದ ಬಂದು ಪಂಕ್ತಿಯಲ್ಲಿದ್ದ. ಕಟಕ ರೊಟ್ಟಿ, ಬದನೆಕಾಯಿ ಎಣಗಾಯಿ, ಗುರೆಳ್ಳು ಹಿಂಡಿ. ನಂಜಪ್ಪನವರು ರೊಟ್ಟಿಯನ್ನು ಮುರಿದಾಗ ಅದರ ಚೂರು ಹಾರಿ ದೊಡ್ಡಪ್ಪನ ತಾಟಿಗೆ ಬಿತ್ತು. ನಾವು ಮಕ್ಕಳು ನಗು ತಡೆದುಕೊಂಡೆವು.

"ಗುರುಪಾದಪ್ಪನೋರೇ, ನಿಮ್ಮ ಕನ್ನಡ ನಮಗೆ ಭಾರಿ ದುಬಾರಿಯಾಯ್ತು ಕಣ್ರೀ. ಡೈರೆಕ್ಟ್ರು ಕನ್ನಡದೋರಲ್ಲ. ನಾನು ಬೇರೆ ಊರಿಗೆ ಹೋಗಿದ್ದೆ. ಅಸಿಸ್ಟೆಂಟ್ ಹುಡುಗ ಪದಕ್ಕೆ ಪದ ಇಟ್ಟು ಅವರಿಗೆ ತಿಳಿಸ್ತಿದ್ದ. 'ಬಳೆ ಹೆಚ್ಚಾದವು' ಅಂತ ಬರೆದಿದ್ರಲ್ಲ? ಮೇಕಪ್ಪಿನೋರು ನಮ್ಮ ಹೀರೋಯಿನ್‌ಗೆ ಮೊಳಕೈವರೆಗೂ ಬಳೆ ಏರಿಸಿಬಿಟ್ರು!"

ಎಲ್ಲರೂ ನಕ್ಕರು. ದೊಡ್ಡಪ್ಪನ ಹೊಟ್ಟೆ ಕುಲುಕಿತು. ಮೊಸರಿನ ಪಾತ್ರೆ ಹಿಡಿದು ಬಂದ ನೀಲತ್ತೆ ಸೆರಗು ಬಾಯಿಗಿಟ್ಟು ನಕ್ಕಳು. ಅಪ್ಪನೂ ನಕ್ಕ, ಆದರೆ ಕೈ ಕಿವಿಗೆ ಹೋಯಿತು.

"ಅದು ಹೋಗಲಿ ಅನ್ನಿ. ದೊಡ್ಡ ಅನಾಹುತ ಆಗಿದ್ದು ದೀಪದ ಸೀನಿನಲ್ಲಿ."

"ನಂಜಪ್ಪನವರ, ಅದನ್ನ ಊಟ ಆದಮ್ಯಾಲ ಮಾತಾಡೂಣ್ರಿ," ಅಂದ ಅಪ್ಪ.

"ಇರಲಿ ಬಿಡಿ ಸ್ವಾಮಿ, ಮನೆಯೋರೂ ಕೇಳಲಿ. 'ದೀಪ ದೊಡ್ಡದು ಮಾಡಿ, ಇನ್ಯಾರು ಬರೋರಿದ್ದಾರೆ' ಅಂತ ಹೀರೋಯಿನ್ ಹೇಳಬೇಕು, ಅಳುತ್ತಾ. ಅಲ್ವೇ? ನಮ್ಮಜ್ಜಿನೂ ಹಾಗೇ ಅನ್ನೋರು, ನಾನಿದ್ದಿದ್ರೆ ಹೇಳ್ತಿದ್ದೆ. ಇವರು ದೀಪ ದೊಡ್ಡದು ಅಂದಕೂಡಲೆ ಇದ್ದಬದ್ದ ಲೈಟನ್ನೆಲ್ಲ ಹಾಕಿಸಿಬಿಟ್ರು. ಆ ಹುಡುಗಿನೋ, ಮುಖ ಅರಳಿಸಿಕೊಂಡು, 'ಇನ್ಯಾರು ಬರೋರಿದ್ದಾರೆ!' ಅಂದ್ಲು. ಅವರೇ ತಾನೆ ಬರೋದು, ಇನ್ಯಾರು, ಅನ್ನೋ ಹಾಗೆ! ಗಂಡ ಹೋದ ಅಂತ ಕೈಬಿಡೋ ಸೀನು ಹೋಗಿ, ಗಂಡ ಬಂದೇ ಬರ್ತಾನೆ ಅನ್ನೋ ಸೀನು ಆಗಿ ಕೂತಿದೆ."

ಈ ಸಲ ದೊಡ್ಡಪ್ಪ ನಗಲಿಲ್ಲ. ಅವನು ಅಪ್ಪನನ್ನು ನೋಡುತ್ತಿದ್ದ. ಅವ್ವ ಅಡುಗೆಮನೆಯ ಬಾಗಿಲಲ್ಲಿ ಗೋಡೆ ಹಿಡಿದು ನಿಂತಿದ್ದಳು. ನೀಲತ್ತೆ ನಂಜಪ್ಪನವರ ತಾಟಿಗೆ ಮೊಸರು ಸುರಿಯುತ್ತಲೇ ಇದ್ದಳು. ಮೊಸರು ಅಂಚಿಗೆ ಬಂತು, ರೊಟ್ಟಿ ತೇಲಿತು, ಅವರು 'ಸಾಕಮ್ಮಾ, ಸಾಕು ಸಾಕು' ಎಂದು ಕೈ ಅಡ್ಡ ಹಿಡಿದರು. ಅವಳು ಪಾತ್ರೆ ನೆಟ್ಟಗೆ ಮಾಡಿ, 'ಇರ್ಲಿ, ಉಣ್ರಿ' ಅಂದು ಒಳಗೆ ಹೋದಳು.

ನಂಜಪ್ಪನವರಿಗೆ ಇದಾವುದೂ ತಿಳಿಯಲಿಲ್ಲ. ಅವರು ಬಂದ ಕೆಲಸ ಹೇಳಿ ಮುಗಿಸಿದರು. ಸೆಟ್ಟನ್ನು ಕಿತ್ತು ಹಾಕಿದ್ದಾರೆ, ದೀಪದ ದೃಶ್ಯವನ್ನು ಮತ್ತೆ ತೆಗೆಯಲಾಗದು. ಆ ನಟಿ ಇನ್ನು ಒಂದೇ ದಿನ ಸಿಗುತ್ತಾಳೆ. ಆ ಒಂದು ದಿನದಲ್ಲಿ ಕೊನೆಯ ದೃಶ್ಯ ಮುಗಿಯಬೇಕು. ಅಪ್ಪ ಬರೆದ ಕೊನೆಯಲ್ಲಿ ಅವಳು ಗಂಡನ ದಾರಿ ಕಾಯುವುದನ್ನು ಬಿಟ್ಟು, ತನ್ನ ತಾಟಿಗೆ ತಾನೇ ಬಡಿಸಿಕೊಂಡು, ಮನೆಯವರೆಲ್ಲರಿಗಿಂತ ಮೊದಲು ಉಣ್ಣುತ್ತಾಳೆ. ಅಷ್ಟು ಬೆಳಕಿನ ದೀಪ ತೋರಿಸಿದ ಮೇಲೆ ಅದು ನಡೆಯುವುದಿಲ್ಲ. ಗಂಡ ಬರಬೇಕು. ಬಂದಾಗ ಅವಳು ಏನನ್ನಬೇಕು, ನಾಳೆ ಸಂಜೆಯ ರೈಲು ಹೊರಡುವುದರೊಳಗೆ ಬರೆದು ಕೊಡಬೇಕು.

"ಕಾಲಿಗೆ ಬಿದ್ದು ಕಣ್ಣೀರಲ್ಲಿ ಪಾದ ತೊಳೀಲಿ, ಹಂಚಿಕೆದಾರರಿಗೂ ಅದೇ ಬೇಕು. ಬರೀತೀರೋ, ಮದ್ರಾಸಿನಲ್ಲೇ ಬೇರೆಯೋರ ಕೈಲಿ ಬರೆಸಲೋ? ಅವರು ಬರೆದ್ರೆ ಹೆಸರೂ ಅವರದೇ ಹೋಗುತ್ತೆ, ಆಮೇಲೆ ನನ್ನನ್ನ ಬಯ್ಯಬೇಡಿ."

ಅಪ್ಪ ಕೈ ತೊಳೆಯಲು ಹಿತ್ತಲಿಗೆ ಹೋದವನು ಅಡುಗೆಮನೆಯೊಳಗಿಂದಲೇ ತಿರುಗಿ ಬರಬೇಕಿತ್ತು. ನೀಲತ್ತೆ ಒಲೆಯ ಹತ್ತಿರ ಬೆನ್ನು ಮಾಡಿ ಕೂತಿದ್ದಳು. ನಾನು ತಾಟು ಎತ್ತಿಕೊಂಡು ಅಲ್ಲಿಯೇ ಇದ್ದೆ.

"ಗುರಣ್ಣಾ, ಅದು ನಾ ಅಂದದ್ದಲ್ಲೇನೋ?"

"ಹೌದಕ್ಕಾ."

"ನಾ ನಿನ್ನ ಮುಂದ ಅಂದಿದ್ದಿಲ್ಲ. ಶಾರದಾನ ಮುಂದ ಅಂದಿದ್ದೆ."

"ಕಿವಿಗೆ ಬಿತ್ತು."

"ಕಿವಿಗೆ ಬಿದ್ದದ್ದನ್ನೆಲ್ಲಾ ಮದ್ರಾಸಿಗೆ ಕಳಸ್ತಾರೇನು? ನಾಳೆ ಆಕಿ ಬಣ್ಣ ಹಚಗೊಂಡು ನಿಂತು ನನ್ನ ಮಾತು ಅಂತಾಳ, ಊರ ಮಂದಿ ಶೇಂಗಾ ತಿನ್ಕೋತ ನೋಡ್ತಾರ. ಅಲ್ಲಾ?"

"ನಿನ್ನ ಹೆಸರಿಲ್ಲ ಅದರಾಗ."

"ನಮ್ಮ ಓಣ್ಯಾಗ ಹೆಸರು ಬೇಕೇನೋ, ಹುಚ್ಚಾ?" ಅಂದಳು ನೀಲತ್ತೆ. ಅವಳು ಅಳಲಿಲ್ಲ. ಅತ್ತಿದ್ದರೆ ಅಪ್ಪ ಉಳಿಯುತ್ತಿದ್ದನೇನೋ. "ಇನ್ನ ಮ್ಯಾಲ ಈ ಮನ್ಯಾಗ ನಾ ಕೈಸನ್ನಿ ಮಾಡ್ತೇನಿ. ಅದನ್ನ ಹೆಂಗ ಬರೀತಿ, ಬರಿ."

ಹಾಗೇ ಮಾಡಿದಳು ಕೂಡ. ಆ ಮಧ್ಯಾಹ್ನದಿಂದ ನೀಲತ್ತೆಯ ಬಾಯಿ ಬಂದಾಯಿತು. ಉಪ್ಪು ಬೇಕಾದರೆ ಬೆರಳು ಉಜ್ಜಿ ತೋರಿಸುವಳು, ನೀರು ಬೇಕಾದರೆ ಹೆಬ್ಬೆರಳು ಬಾಯಿಗೆ. ಅವ್ವನಿಗೂ ಅದೇ ರೋಗ ತಗುಲಿತು. ಮಾತು ತುಟಿಗೆ ಬಂದರೆ ಕಿಂಡಿಯ ಕಡೆ ನೋಡಿ ನುಂಗಿಬಿಡುವಳು. ಸದಾ ಗದ್ದಲದ ನಮ್ಮ ಅಡುಗೆಮನೆಯಲ್ಲಿ ಕಟ್ಟಿಗೆ ಚಟಪಟ ಅನ್ನುವುದಷ್ಟೇ ಕೇಳುತ್ತಿತ್ತು. ಕಿಂಡಿಯ ಈಚೆ ಅಪ್ಪ ಹಾಳೆಯ ಮುಂದೆ ಕೂತಿದ್ದ, ಹಾಳೆ ಬೆಳ್ಳಗೇ ಇತ್ತು. ಅಂದು ಸಂಜೆ ದೊಡ್ಡಪ್ಪ ಅಂಗಡಿಯಿಂದ ಬಂದವನು ರುಮಾಲು ಬಿಚ್ಚಲೂ ಇಲ್ಲ, ಪಡಸಾಲೆಯಲ್ಲಿ ನಂಜಪ್ಪನವರು ಕೂತಿದ್ದಾರೆಂಬುದನ್ನೂ ನೋಡಲಿಲ್ಲ.

"ಎಲ್ಲಿ ಅದಾನ ಇಂವ? ಗುರ್ಯಾ! ಮನೀ ಹೆಣಮಗಳನ್ನ ಪರದಾ ಮ್ಯಾಲ ನಿಂದ್ರಸಿದೆಲ್ಲೋ! ಆಕೀ ಗಂಡ ಹೋದಾಗ ಈ ಬಾಗಲದಾಗ ನಿಂತು ಊರ ಬಾಯಿ ಮುಚ್ಚಿಸಿದಾಂವ ನಾನು. ನೀ ಈಗ ಮೈಕ್ ಹಚ್ಚಿ ಹೇಳಾಕತ್ತಿ."

"ನಾ ಆಕೀಗೆ ಅವಮಾನ ಆಗೂ ಹಂಗ ಬರದಿಲ್ಲಣ್ಣಾ. ಆಕೀ ಮಾತು ಎಷ್ಟು ಚಂದ ಐತಿ ಅಂತ ಬರದೇನಿ. ಕೊನೀಗೆ ಆಕಿ ತನ್ನ ಪಾಡಿಗೆ ತಾನು ಉಣ್ತಾಳ, ಯಾರ ಹಂಗೂ ಇಲ್ಲದ..."

"ಈಗ ಅದೂ ಇಲ್ಲಲ್ಲ! ಈಗ ಓಡಿಹೋದ ನಾಯಿ ತಿರುಗಿ ಬರತೈತಿ, ಇಕಿ ಕಾಲು ತೊಳೀಬೇಕು. ಅದನ್ನೂ ನೀನ ಬರೀಬೇಕು. ಬರಿ. ಬರದು ಒಳಗ ಹೋಗಿ ಓದಿ ಹೇಳು ಆಕೀಗೆ."

ಅಣ್ಣನ ಮಾತಿನಲ್ಲಿ ಸುಳ್ಳಿರಲಿಲ್ಲ. ಬರೆದರೆ ಹೆಸರು ಬರುತ್ತದೆ, ಅಂಗಡಿಯ ಗಾದಿ ತಪ್ಪುತ್ತದೆ. ಆದರೆ ಅಕ್ಕನ ಮುಖ ಹೇಗೆ ನೋಡುವುದು? ಬರೆಯದಿದ್ದರೆ ಬೇರೆ ಯಾರೋ ಬರೆಯುತ್ತಾರೆ, ಅವಳ ಮಾತಿಗೆ ಆ ಕಣ್ಣೀರಿನ ಬಾಲ ಹೇಗೂ ಹತ್ತುತ್ತದೆ. ಪಡಸಾಲೆಯಲ್ಲಿ ನಂಜಪ್ಪನವರು ಮೆಲ್ಲಗೆ ನನ್ನನ್ನು ಕರೆದು, 'ಏನಂತಮ್ಮಾ ಜಗಳ? ನನ್ನಿಂದೇನಾದರೂ ಆಯ್ತಾ?' ಎಂದು ಕೇಳಿದರು. ನಾನು ನೀಲತ್ತೆಯ ಹಾಗೆ ಕೈ ಅಲ್ಲಾಡಿಸಿದೆ.

ಮರುದಿನ ಮಧ್ಯಾಹ್ನ ಇಳಿಯುವ ಹೊತ್ತಿಗೆ ಅಪ್ಪ ಒಂದು ಹಾಳೆ ತುಂಬಿಸಿದ್ದ. ಚಹಾದ ವೇಳೆ, ನಡುಮನೆಯಲ್ಲಿ ನಂಜಪ್ಪನವರು ಚೀಲ ಕಟ್ಟಿಕೊಂಡು ಉಪ್ಪಿಟ್ಟಿನ ತಾಟು ಹಿಡಿದು ಕೂತಿದ್ದರು. ದೊಡ್ಡಪ್ಪ ಎಂದೂ ಆ ಹೊತ್ತಿಗೆ ಮನೆಯಲ್ಲಿರದವನು ಅಂದು ಕಂಬದ ಪಕ್ಕ ಕೂತು ಅಡಿಕೆ ಕತ್ತರಿಸುತ್ತಿದ್ದ. ಅಪ್ಪ ನನ್ನನ್ನು ಎದುರು ನಿಲ್ಲಿಸಿದ. 'ಅನ್ನು ನೋಡೂಣು' ಅನ್ನುವಾಗ ಅವನ ದನಿಯೇ ಬೇರೆಯಾಗಿತ್ತು. ನಾನು ಹಾಳೆ ಹಿಡಿದು, ಕಂಪನಿ ನಾಟಕದ ನಾಯಕಿಯ ಹಾಗೆ ಕೈ ಜೋಡಿಸಿ ಓದಿದೆ.

"ನಾಥಾ! ಬಂದಿರಾ? ಈ ದಾಸಿಯನ್ನು ಮರೆಯದೆ ಬಂದಿರಾ? ನಿಮ್ಮ ಪಾದಧೂಳಿಯಿಂದ ಈ ಗೃಹ ಪಾವನವಾಯಿತು..."

ಕಿಂಡಿಯ ಆಚೆಯಿಂದ ಒಂದು ಸದ್ದು ಬಂತು. ಕೆಮ್ಮೆಂದುಕೊಂಡೆವು. ಅದು ನಗು. ಒಂದು ದಿನ ಪೂರ್ತಿ ಹಿಡಿದಿಟ್ಟ ಬಾಯಿ ಬಿಚ್ಚಿಕೊಂಡಿತ್ತು.

"ಯವ್ವಾ, ಯವ್ವಾ! ಯಾವ ಹೆಣಮಗಳು ಹಂಗ ಅಂತಾಳೋ? ಪಾದಧೂಳಿ ಅಂತ! ಬಾಗಲದಾಗ ಧೂಳಿದ್ರ ಕಸಬರಗಿ ತಗೋತಾಳ ಆಕಿ!"

ಅಪ್ಪ ಹಾಳೆಯನ್ನು ನನ್ನ ಕೈಯಿಂದ ತೆಗೆದುಕೊಂಡು ಮಡಿಸಿದ. ಆಗ ನೀಲತ್ತೆ ಸೆರಗು ಹೊದ್ದುಕೊಂಡು ಅಡುಗೆಮನೆಯ ಹೊಸ್ತಿಲ ಮೇಲೆ ಬಂದು ನಿಂತಳು. ಪರ ಗಂಡಸಿನೊಂದಿಗೆ ಅವಳು ನೇರ ಮಾತಾಡಿದ್ದನ್ನು ನಾನು ಕಂಡದ್ದು ಅದೊಂದೇ ಸಲ. ದೊಡ್ಡಪ್ಪನ ಅಡಕತ್ತರಿ ನಿಂತಿತು.

"ಅಲ್ರೀ ಮದ್ರಾಸದವರ, ಅಂವ ಎಷ್ಟು ವರ್ಷ ಬಿಟ್ಟು ಬಂದಾನ್ರಿ?"

"ಯಾರಮ್ಮಾ?"

"ನಿಮ್ಮ ಪಿಚ್ಚರದಾಂವ."

"ಅದಾ... ಹನ್ನೆರಡು ವರ್ಷ ಅಂತ ಇಟ್ಟಿದ್ದೀವಿ."

"ಹೋಗಬೇಕಾರ ಆಕಿ ಎಷ್ಟರಾಕಿ?"

"ಮದುವೆ ಆದ ಹೊಸತು. ಹದಿನೆಂಟೋ ಏನೋ."

"ಹಂಗಾರ ಆಕೀಗೆ ಅಂವನ ಮಾರಿ ನೆಪ್ಪಿರೂದಿಲ್ರಿ. ದಿನಾ ನೆನಸಿ ನೆನಸಿ ಅದು ಸವದು ಹೋಗಿರತೈತಿ. ನೀವು ಹೆಂಗೂ ದೀಪ ದೊಡ್ಡದು ಮಾಡಿ ಇಟ್ಟೀರಿ. ಆಕಿ ಆ ದೀಪಾ ತಗೊಂಡು ಬಾಗಲಕ್ಕ ಹೋಗ್ತಾಳ. ಅಂವನ ಮಾರಿ ಮುಂದ ಹಿಡೀತಾಳ. ನೋಡ್ತಾಳ. ನೋಡಿ ಕೇಳ್ತಾಳ."

"ಏನಂತ?" ಕೇಳಿದವರು ನಂಜಪ್ಪನವರಲ್ಲ, ಅಪ್ಪ.

ಗೊತ್ತಿಲ್ಲದವರು ಬಾಗಿಲಿಗೆ ಬಂದರೆ ನಾವೆಲ್ಲ ಕೇಳುವ ಹಾಗೆ, ಅಷ್ಟೇ ಮರ್ಯಾದೆಯಿಂದ, ಅಷ್ಟೇ ದೂರದಿಂದ ನೀಲತ್ತೆ ಅಂದಳು.

"'ಯಾರು ಬೇಕಾಗಿತ್ತರೀ?'"

ನಂಜಪ್ಪನವರ ಕೈಯಲ್ಲಿ ಉಪ್ಪಿಟ್ಟು ಹಾಗೇ ಇತ್ತು. ಅವರು ತಮ್ಮ ವೃತ್ತಿಯ ಪ್ರಶ್ನೆ ಕೇಳಿದರು.

"ಗುರುತು ಸಿಕ್ಕಲಿಲ್ಲ ಅಂತಲೇನಮ್ಮಾ? ಇಲ್ಲಾ ಸಿಕ್ಕೂ ಹಾಗೆ ಕೇಳ್ತಾಳಾ?"

"ಉಪ್ಪಿಟ್ಟು ಆರಾಕತ್ತೈತಿ, ತಿನ್ರಿ," ಅಂದಳು ನೀಲತ್ತೆ. ಆಮೇಲೆ ಅಪ್ಪನ ಕಡೆ ತಿರುಗಿ, "ಈಗ ಬರಕೋ. ಇದನ್ನ ನಿನ್ನ ಮುಂದ ನಿಂತು ಹೇಳೇನಿ," ಅಂದು ಒಳಗೆ ಹೋದಳು.

ನಂಜಪ್ಪನವರು, ಪಿಚ್ಚರಿಗೆ ದುಡ್ಡು ಹಾಕಿದ ಧಣಿಗಳು ಒಪ್ಪುವುದಿಲ್ಲ, ಗಂಡನನ್ನು ಬಾಗಿಲಲ್ಲಿ ನಿಲ್ಲಿಸಿದರೆ ಜನ ಕುರ್ಚಿ ಮುರಿಯುತ್ತಾರೆ, ಕಣ್ಣೀರು ಸ್ವಲ್ಪವಾದರೂ ಇರಲಿ ಎಂದು ಗೋಗರೆದರು. ಅಪ್ಪ ಆ ಒಂದು ಸಾಲನ್ನು ಹೊಸ ಹಾಳೆಯ ಮೇಲೆ ಬರೆದ, ಕೆಳಗೆ ಏನೂ ಬರೆಯಲಿಲ್ಲ, ಹಾಳೆಯನ್ನು ಅವರ ಕೈಗೆ ಕೊಟ್ಟ. ಇದು ಬಂದರೆ ನನ್ನ ಹೆಸರು ಹಾಕಿ, ಇದು ಹೋದರೆ ನನ್ನ ಹೆಸರನ್ನೂ ತೆಗೆಯಿರಿ ಅಂದ. ಅಂಗಡಿಯ ಗಾದಿ ತನ್ನ ಬೆನ್ನ ಹಿಂದೆಯೇ ಕಾದಿದೆ ಎಂದು ಗೊತ್ತಿದ್ದೂ ಅಂದ. ಎಲ್ಲರೂ ದೊಡ್ಡಪ್ಪನನ್ನು ನೋಡಿದೆವು. ಅವನು ಅಡಿಕೆ ಚೂರುಗಳನ್ನು ಒಂದೊಂದಾಗಿ ತಬಕಿಗೆ ಹಾಕಿ, ಗಂಟಲು ಸರಿಮಾಡಿಕೊಂಡ.

"ನಂಜಪ್ಪನವರ, ಹಾಳಿ ಜ್ವಾಕಿ. ಅದರಾಗಿಂದು ಒಂದಕ್ಷರ ಆಚೀಚಿ ಆದ್ರ ಈ ನನ್ನ ತಮ್ಮ ಪಿಚ್ಚರ್ ಬರ್ಯೂದಿಲ್ಲ. ನನ್ನ ಅಂಗಡ್ಯಾಗ ಹತ್ತಿ ಮಾರ್ತಾನ. ನಿಮ್ಮ ಧಣಿಗೆ ಹಂಗ ಹೇಳ್ರಿ."

ಅಪ್ಪನ ಪರವಾಗಿ ದೊಡ್ಡಪ್ಪ ಆಡಿದ ಮೊದಲ ಮಾತು ಅದು, ಅದೂ ಬೆದರಿಕೆಯ ಧಾಟಿಯಲ್ಲಿ.

ಆಮೇಲಿನ ತಿಂಗಳುಗಳು ಹೇಗೆ ಕಳೆದವೆಂದು ಕೇಳಬೇಡಿ. ಮದ್ರಾಸಿನಿಂದ ಹ್ಞೂಂ ಇಲ್ಲ, ಊಹೂಂ ಇಲ್ಲ. ಅಡುಗೆಮನೆಯಲ್ಲಿ ಮಾತು ಮರಳಿತ್ತು, ಆದರೆ ಮೊದಲಿನಂತಲ್ಲ. ಮನೆಗುಟ್ಟು ಬಂದರೆ ನೀಲತ್ತೆ ಎದ್ದು ಬಂದು ಕಿಂಡಿಯ ಕದ ಮುಚ್ಚಿ, ಆಮೇಲೆ ಮುಂದುವರಿಸುತ್ತಿದ್ದಳು. ಕೆಲವೊಮ್ಮೆ ಬೇಕೆಂದೇ ತೆರೆದಿಟ್ಟು ಜೋರಾಗಿ, 'ಇದನ್ನ ಬರಕೊಂಡ್ರೂ ಅಡ್ಡಿಯಿಲ್ಲ' ಎನ್ನುತ್ತಿದ್ದಳು. ಅಪ್ಪ ಹತ್ತಿಯ ಸುಗ್ಗಿಯಲ್ಲಿ ಅಂಗಡಿಗೂ ಹೋಗಿ ಬಂದ, ರೂಢಿಯಾಗಲಿ ಎಂದು. ಅಂಗಿಗೆ ಹತ್ತಿಯ ಎಳೆ ಅಂಟಿಸಿಕೊಂಡು ಸಂಜೆ ಮನೆಗೆ ಬರುತ್ತಿದ್ದ, ನಾನು ಒಂದೊಂದಾಗಿ ಬಿಡಿಸಿ ತೆಗೆಯುತ್ತಿದ್ದೆ. ಕೊನೆಗೆ ಒಂದು ಶುಕ್ರವಾರ ಓಣಿಯ ತುದಿಯ ಗೋಡೆಗೆ ಪಿಚ್ಚರಿನ ಚಿತ್ರಪಟ ಅಂಟಿಸಿದರು. ಅದರಲ್ಲಿ ಆ ನಟಿ ಮೊಳಕೈವರೆಗೆ ಬಳೆ ತೊಟ್ಟು ನಗುತ್ತಿದ್ದಳು. ಅಪ್ಪನ ಹೆಸರು ಎಲ್ಲಿಯೂ ಇರಲಿಲ್ಲ.

ಆ ವಾರವೇ ಮಧ್ಯಾಹ್ನದ ಆಟಕ್ಕೆ ಮನೆಯವರೆಲ್ಲ ಹೊರಟೆವು. ನೀಲತ್ತೆ ಮಾತ್ರ ಬರಲಿಲ್ಲ, 'ಮನೀ ಕಾಯಾಕ ಒಬ್ರರ ಬೇಕಲ್ಲ' ಅಂದಳು. ದೊಡ್ಡಪ್ಪ ಜೀವನದಲ್ಲಿ ಮೊದಲ ಬಾರಿ ಥಿಯೇಟರಿನ ಕುರ್ಚಿಯಲ್ಲಿ ಕೂತಿದ್ದ. ದೀಪಗಳು ಆರಿ ಹೆಸರುಗಳು ಬರತೊಡಗಿದಾಗ ನನ್ನ ಮುಂಗೈ ಹಿಡಿದು, 'ಲಗೂ ಓದು ಪಾರೂ, ಚಷ್ಮಾ ಬಿಟ್ಟು ಬಂದೇನಿ' ಅಂದ. ನಾನು ಓದುತ್ತ ಹೋದೆ. ಛಾಯಾಗ್ರಹಣ, ಸಂಗೀತ, ಕಲೆ, ವಸ್ತ್ರಾಲಂಕಾರ. ಆಮೇಲೆ ಸಂಭಾಷಣೆ. ಅಪ್ಪನ ಹೆಸರು ಪರದೆಯ ತುಂಬ ನಿಂತಿತು, ನಾನು ಬಾಯಿ ತೆರೆಯುವ ಮೊದಲೇ ದೊಡ್ಡಪ್ಪ 'ಹ್ಞಾಂ' ಅಂದ. ಚಷ್ಮಾ ಇಲ್ಲದೆಯೂ ಕಂಡಿತ್ತು. ಅವ್ವ ಸೆರಗಿನಿಂದ ಕಣ್ಣೊರೆಸಿದಳು. ಅಪ್ಪ ಮಾತ್ರ ಕುರ್ಚಿಯ ಅಂಚಿನಲ್ಲೇ ಇದ್ದ. ಹೆಸರು ಬಂತು, ಸಾಲು ಬರಬೇಕಲ್ಲ. ದೀಪದ ದೃಶ್ಯ ಬಂದು ಹೋಯಿತು, ಆ ಹುಡುಗಿ ನಿಜವಾಗಿಯೂ ಹಬ್ಬದಂತೆ ನಕ್ಕಿದ್ದಳು. ಕೊನೆಗೆ ಬಾಗಿಲು ತಟ್ಟಿದ ಸದ್ದು. ಅವಳು ದೀಪ ತೆಗೆದುಕೊಂಡು ಹೋದಳು, ಬಾಗಿಲು ತೆಗೆದಳು, ಅವನ ಮುಖದ ಮುಂದೆ ಹಿಡಿದಳು. ಮುಖದ ಮೇಲೆ ನಗುವಿಲ್ಲ, ಅಳುವಿಲ್ಲ. 'ಯಾರು ಬೇಕಾಗಿತ್ತರೀ?' ಅಂದಳು. ಯಾರು ಹೇಳಿಕೊಟ್ಟಿದ್ದರೋ, ಕೊನೆಯ 'ರೀ'ಯನ್ನು ನಮ್ಮವರ ಹಾಗೆಯೇ ಎಳೆದಳು. ಆಮೇಲೆ ಹೆಂಗಸರ ಕಡೆಯಿಂದ ಯಾರೋ ಒಬ್ಬಾಕೆ ಗಟ್ಟಿಯಾಗಿ, 'ಛಲೋ ಕೇಳಿದಿ ನೋಡವ್ವ ತಂಗೀ!' ಅಂದಳು, ಇಡೀ ಥಿಯೇಟರಿನಲ್ಲಿ ಗದ್ದಲವೆದ್ದಿತು. ಯಾರೂ ಕುರ್ಚಿ ಮುರಿಯಲಿಲ್ಲ. ದೊಡ್ಡಪ್ಪ ಕತ್ತಲಲ್ಲಿ ಅಪ್ಪನ ಬೆನ್ನ ಮೇಲೆ ಕೈ ಇಟ್ಟದ್ದನ್ನು ನಾನು ನೋಡಿದೆ.

ಮನೆಗೆ ಬಂದಾಗ ನೀಲತ್ತೆ ನಡುಮನೆಯಲ್ಲಿ ಮೊರ ಹಿಡಿದು ಗುರೆಳ್ಳು ಹಸನು ಮಾಡುತ್ತಿದ್ದಳು. ದೊಡ್ಡಪ್ಪ ಹೆಸರು ಬಂದ ಸುದ್ದಿಯನ್ನು ತಾನೇ ಪಿಚ್ಚರ್ ಬರೆದವನಂತೆ ಹೇಳಿ, ಪೇಢೆ ತರಲು ಹೊರಗೆ ಹೋದ. ಅವ್ವ ಚಹಾಕ್ಕೆ ಇಟ್ಟಳು. ನೀಲತ್ತೆ ಮೊರದಿಂದ ಕಣ್ಣು ತೆಗೆಯದೆ ನನ್ನನ್ನು ಕೇಳಿದಳು.

"ಅಂದ್ಲೇನ ಆಕಿ?"

"ಅಂದ್ಲತ್ತೀ. ನೀ ಅಂದಂಗ."

"ಆಮ್ಯಾಲ?"

"ಆಮ್ಯಾಲ ಶುಭಂ ಅಂತ ಬಂತು."

"ಅಷ್ಟ? ಬಾಗಲಾ ತಗದಿಟ್ಲೋ, ಹಾಕಿದ್ಲೋ?"

ಪರದೆಯ ಮೇಲೆ ಅದು ಇರಲೇ ಇಲ್ಲ.

"ಅದನ್ನ ತೋರಸ್ಲಿಲ್ಲ."

"ನಿಮ್ಮಪ್ಪ ಅದನ್ನ ಬರೀಲಿಲ್ಲ," ಅಂದಳು ನೀಲತ್ತೆ, ಮೊರ ಕೇರುತ್ತ. "ಕೇಳ್ಲೂ ಇಲ್ಲ."

ಅಪ್ಪ ಬಾಗಿಲಲ್ಲಿ ನಿಂತು ಕೇಳಿಸಿಕೊಂಡಿದ್ದ. ಹೊಸ ಧೋತರ ಉಟ್ಟಿದ್ದವನು ಅದು ಹೊಲಸಾಗುವುದನ್ನೂ ನೋಡದೆ ಬಂದು ಅವಳ ಎದುರಿಗೆ ಬರೀ ನೆಲದ ಮೇಲೆ ಕೂತ. ಕೈಯಲ್ಲಿ ಪೆನ್ನಿರಲಿಲ್ಲ, ಕಾಗದವಿರಲಿಲ್ಲ. ಮೊರದ ಅಂಚು ಹಿಡಿದು ನಿಲ್ಲಿಸಿದ.

"ಈಗ ಕೇಳ್ತೇನಕ್ಕಾ. ಏನು ಮಾಡ್ತಾಳ?"

ನೀಲತ್ತೆ ಕೂಡಲೆ ಹೇಳಿಬಿಡುತ್ತಾಳೆ ಎಂದುಕೊಂಡೆ. ಅವಳಿಗೆ ಮಾತು ತಡವಾದದ್ದನ್ನು ನಾನು ಕಂಡೇ ಇರಲಿಲ್ಲ. ಮೊರದೊಳಗಿನ ಒಂದು ಹರಳನ್ನು ಹುಡುಕಿ ಎತ್ತಿ ಪಕ್ಕಕ್ಕಿಟ್ಟಳು. ಇನ್ನೊಂದನ್ನು ಎತ್ತಿಟ್ಟಳು.

"ಗೊತ್ತಿಲ್ಲೋ ತಮ್ಮಾ," ಅಂದಳು. "ಅವರು ಇನ್ನೂ ಬಂದಿಲ್ಲಲ್ಲ."